ಏಳು ಗೋಡೆ, ಎರಡು ಗೆರೆ, ಒಂಬತ್ತು ತೊಟ್ಟಿ

ಆಚೆ ಮೊನ್ನೆ ನನ್ನ ಹೆಂಡತಿ ಜಯಮ್ಮ ಒಂದು ಕೋಲು ಹಿಡಿದು ಜೇಡರ ಬಲೆ ತೆಗೆಯುತ್ತಿದ್ದಳು. ಪೇಪರು ಓದುತ್ತಿದ್ದ ನಾನು ತಲೆ ಎತ್ತಿ ನೋಡಿದರೆ, ಅದು ನನ್ನ ಕೋಲು. ಮೂರಡಿ ಉದ್ದ, ತುದಿಗೆ ಹಳೆ ಬನಿಯನ್ನಿನ ಉಂಡೆ ಕಟ್ಟಿದ್ದು. ಬೋರ್ಡು ಬರೆಯುವವರು ಹಸಿ ಬಣ್ಣಕ್ಕೆ ಕೈ ತಾಗದಂತೆ ಈ ಕೋಲನ್ನು ಅಡ್ಡ ಹಿಡಿದು, ಅದರ ಮೇಲೆ ಮಣಿಕಟ್ಟು ಊರಿ ಬರೆಯುತ್ತಾರೆ. ಶಿವಮೊಗ್ಗದ ಎಷ್ಟೋ ಅಂಗಡಿಗಳಿಗೆ ನಾಮಕರಣ ಆದದ್ದು ಈ ಕೋಲಿನ ಮೇಲೆ.

"ಏ ಮಾರಾಯ್ತಿ, ಅದು ಬಲೆ ಹೊಡೆಯೋ ಕೋಲಲ್ಲ," ಎಂದೆ.

"ಮತ್ತೇನು, ರಾಜದಂಡವಾ? ಮೂಲೇಲಿ ನಿಂತೂ ನಿಂತೂ ಅದಕ್ಕೇ ಬಲೆ ಕಟ್ಟಿತ್ತು. ನಾನು ಅದಕ್ಕೊಂದು ಕೆಲಸ ಕೊಟ್ಟೆ. ಯಜಮಾನರಿಗೂ ಒಂದು ಕೊಡ್ಲಾ?"

ಪೇಪರಿನೊಳಗೆ ಮುಖ ಮುಚ್ಚಿಕೊಂಡೆ. ಇಂಥ ಹೊತ್ತಿನಲ್ಲಿ ಪೇಪರಿಗಿಂತ ದೊಡ್ಡ ಕೋಟೆ ಇನ್ನೊಂದಿಲ್ಲ.

ನಾನು ಯಾರೆಂದು ಹೇಳಿಬಿಡುತ್ತೇನೆ. ಫ್ಲೆಕ್ಸು ಎಂಬ ಪಿಶಾಚಿ ಬರುವ ಮೊದಲು ವಿನೋಬನಗರದ ಕಡೆ 'ಹಾಲೇಶ್ ಆರ್ಟ್ಸ್' ಎಂಬ ಅಂಗಡಿ ಇತ್ತಲ್ಲ, ಆ ಹಾಲೇಶಪ್ಪ ನಾನೇ. ಆರ್ಟ್ಸ್ ಎಂದು ಬಹುವಚನ ಹಾಕಿದ್ದೆ, ಇದ್ದವನು ಒಬ್ಬನೇ. ಹೆಸರಿನ ಕೆಳಗೆ, ಹೆಸರಿಗಿಂತ ದೊಡ್ಡದಾಗಿ, ಹಳದಿ ಮೇಲೆ ಕಪ್ಪು ನೆರಳು ಕೊಟ್ಟು ಬರೆದಿದ್ದೆ: 'ಬರೆದದ್ದು ಅಳಿಸುವುದಿಲ್ಲ.'

ಇದು ಬಣ್ಣದ ಗುಣಮಟ್ಟದ ಮಾತು ಎಂದು ಗಿರಾಕಿಗಳು ತಿಳಿದಿದ್ದರು. ಅಲ್ಲ. ಅದು ಪೇಂಟರ್ ಮಂಜನಿಗೆ ಕೊಟ್ಟ ಏಟು. ಮಂಜ ನನ್ನ ಜೊತೆಗೇ ಕೆಲಸ ಕಲಿತವನು, ಆಮೇಲೆ ನನಗೇ ಎದುರಾಳಿ. ಒಮ್ಮೆ ಅವನು ಕಣ್ಣಿನ ಡಾಕ್ಟರೊಬ್ಬರ ಬೋರ್ಡಿಗೆ ಎರಡು ಕಣ್ಣು ಬರೆದ, ಒಂದು ಇನ್ನೊಂದನ್ನು ನೋಡುತ್ತಿತ್ತು. ಡಾಕ್ಟರು ಅಳಿಸಿ ಹೊಸದಾಗಿ ಬರೆಸಿದರು. ಆ ವಾರವೇ ನನ್ನ ಬೋರ್ಡಿಗೆ ಈ ಸಾಲು ಬಂತು. ಮಂಜ ಅಂಗಡಿ ಮುಂದೆ ಸೈಕಲ್ ನಿಲ್ಲಿಸಿ ಓದಿ, "ಆಯ್ತು ಕಣೋ ಹಾಲೇಶಿ, ನೀನು ಒಂದು ಅಕ್ಷರ ಅಳಿಸಿದ ದಿನ ನಾನೇ ಏಣಿ ತಂದು ಈ ಬೋರ್ಡು ಇಳಿಸ್ತೀನಿ," ಎಂದು ಪೆಡಲು ತುಳಿದ. ಅಂದಿನಿಂದ ನನಗೆ ಆ ಸಾಲು ಜಾಹೀರಾತಾಗಿ ಉಳಿಯಲಿಲ್ಲ, ವ್ರತವಾಯಿತು.

ಬೋರ್ಡು ಬರೆಯುವವನ ನಿಜವಾದ ವಿದ್ಯೆ ಅಕ್ಷರ ಬರೆಯುವುದಲ್ಲ, ಹಿಡಿಸುವುದು. ಗಿರಾಕಿಯ ಆಸೆ ಯಾವತ್ತೂ ಅವನ ತಗಡಿಗಿಂತ ಉದ್ದ. ಐದಡಿ ತಗಡು ತಂದು, 'ಶ್ರೀ ಗುರು ಬಸವೇಶ್ವರ ಕಿರಾಣಿ, ಜನರಲ್ ಸ್ಟೋರ್ಸ್ ಮತ್ತು ಹಿಟ್ಟಿನ ಗಿರಣಿ, ನಮ್ಮಲ್ಲಿ ಮೆಣಸಿನಪುಡಿಯನ್ನು ಸಹ ಮಾಡಿಕೊಡಲಾಗುವುದು' ಎಂದು ಬರೆಯಿರಿ ಎನ್ನುತ್ತಾನೆ. ಹೊಸಬನ ಕೈಗೆ ಕೊಟ್ಟರೆ ಶುರುವಿನಲ್ಲಿ ಆನೆಯಂಥ ಅಕ್ಷರ ಬರೆದು, ಮೆಣಸಿನಪುಡಿಗೆ ಬರುವಷ್ಟರಲ್ಲಿ ಇರುವೆ ಸಾಲು ಮಾಡುತ್ತಾನೆ. ನಾನು ಮೊದಲು ನೋಡುವುದು ಏನನ್ನು ಬಿಡಬಹುದು ಎಂದು. 'ಮತ್ತು' ಹೋಗಲಿ. 'ನಮ್ಮಲ್ಲಿ' ಹೋಗಲಿ, ಪಕ್ಕದವರಲ್ಲಿ ಪುಡಿ ಮಾಡಿಸಿಕೊಳ್ಳಿ ಎಂದು ಯಾರೂ ಬೋರ್ಡು ಹಾಕುವುದಿಲ್ಲ. 'ಸಹ' ಯಾಕೆ? 'ಗುರು'ವನ್ನು ಬಿಟ್ಟರೆ ಬಸವೇಶ್ವರನೇನೂ ಮುನಿಸಿಕೊಳ್ಳುವುದಿಲ್ಲ, ಅವನು ದೊಡ್ಡವನು. ಹೀಗೆ ಕಡಿದು ಕಡಿದು, ಅರ್ಥ ಕೆಡದಂತೆ ಉಳಿಸುವುದೇ ಕಲೆ. ಇಪ್ಪತ್ತು ವರ್ಷ ಇದನ್ನೇ ಮಾಡಿದವನಿಗೆ ಕಂಡದ್ದನ್ನೆಲ್ಲ ಸುಲಭ ಮಾಡುವ ಚಟ ಹತ್ತುತ್ತದೆ. ನನ್ನ ಕಥೆ ಕೆಟ್ಟದ್ದು ಆ ಚಟದಿಂದಲೇ.

ಈ ವಿದ್ಯೆಯನ್ನು ನಾನು ಮೊದಲು ಪ್ರಯೋಗಿಸಿದ್ದು ನಮ್ಮಪ್ಪನ ಮೇಲೆ. ಹೊಳಲೂರಿನಲ್ಲಿ ಎಂಟನೇ ಕ್ಲಾಸು. ಲೆಕ್ಕದ ಮೇಷ್ಟ್ರು ಬೋರ್ಡಿನ ಮೇಲೆ x ಎಂದು ಬರೆದು, "ಇದು ಏನು ಬೇಕಾದರೂ ಆಗಿರಬಹುದು," ಎಂದರು. ನನಗೆ ಬಹಳ ಖುಷಿಯಾಯಿತು. ಏನು ಬೇಕಾದರೂ ಆಗಿರಬಹುದು ಎಂದ ಮೇಲೆ ನಾನು ಬರೆದ ಉತ್ತರವೂ ಆಗಿರಬಹುದಲ್ಲ? ಆಗಿರಬಾರದು ಎಂದು ತಿಳಿದದ್ದು ಬೆನ್ನಿಗೆ ಏಟು ಬಿದ್ದ ಮೇಲೆ. ನಾನು x ಅನ್ನು ಮಾತ್ರ ಬಹಳ ಚೆಂದ ಬರೆಯುತ್ತಿದ್ದೆ, ನಾಲ್ಕು ತುದಿಗೂ ಸಣ್ಣ ಬಳ್ಳಿ ಬಿಡಿಸಿ. ವರ್ಷದ ಕೊನೆಗೆ ಮೇಷ್ಟ್ರು ನನ್ನ ಪುಸ್ತಕದ ಮೇಲೆ ಕೆಂಪು ಇಂಕಿನಲ್ಲಿ ಬರೆದರು: 'ಅಕ್ಷರ ಮುತ್ತು. ಲೆಕ್ಕ ಸೊನ್ನೆ.' ಅಪ್ಪನಿಗೆ ಓದು ಬರುತ್ತಿರಲಿಲ್ಲ. "ಏನು ಬರದವ್ರೆ ಓದೋ," ಎಂದ. "ಅಕ್ಷರ ಮುತ್ತು," ಎಂದು ಓದಿ ಪುಸ್ತಕ ಮುಚ್ಚಿದೆ.

ಅಪ್ಪ, "ಮುತ್ತೇ ಆದ್ಮೇಲೆ ಇನ್ನೇನು ಕಲಿಯೋದಿದೆ?" ಎಂದವನು ಮುಂದಿನ ಸೋಮವಾರ ನನ್ನನ್ನು ಶಿವಮೊಗ್ಗದ ಪೇಂಟರೊಬ್ಬರ ಹತ್ತಿರ ಬಿಟ್ಟು ಹೋದ. ಅರ್ಧ ಸಾಲು ನುಂಗಿದ್ದಕ್ಕೆ ಅರ್ಧ ಶಾಲೆಯೇ ಹೋಯಿತು. ದೂರುತ್ತಿಲ್ಲ. ಅಂದಿನಿಂದ ದುಡಿದು ತಿಂದಿದ್ದೇನೆ, ಯಾರ ಮುಂದೂ ಕೈ ಚಾಚಿಲ್ಲ. ಶಾಲೆಯಿಂದ ಬರುವಾಗ ಎರಡು ವಿಷಯವನ್ನು ಮಾತ್ರ ತಲೆಯಲ್ಲಿ ಕಟ್ಟಿಕೊಂಡು ಬಂದಿದ್ದೆ. ಒಂದು, x ತಲೆ ಮೇಲೆ ಏನೂ ಬರೆದಿಲ್ಲ ಎಂದರೆ ಅಲ್ಲಿ ಒಂದು ಇದೆ ಎಂದು ಅರ್ಥ, ಬರೆಯುವುದಿಲ್ಲ ಅಷ್ಟೆ. ಎರಡು, ತಲೆ ಮೇಲಿನ ಅಂಕಿಗಳನ್ನು, ಅಂದರೆ ಘಾತಗಳನ್ನು, ಕೂಡಿಸಬೇಕು. ಯಾವಾಗ ಕೂಡಿಸಬೇಕು, ಯಾವಾಗ ಕೂಡಿಸಬಾರದು ಎಂದು ಮೇಷ್ಟ್ರು ಹೇಳಿಕೊಟ್ಟ ದಿನ ನಾನು ತುಂಗೆಯಲ್ಲಿ ಈಜುತ್ತಿದ್ದೆ.

ಈಗ ಭದ್ರಾವತಿಗೆ ಬರೋಣ. ತೊಂಬತ್ತರ ದಶಕದ ಕೊನೆ ಇರಬೇಕು. ಕಾರ್ಖಾನೆ ಕ್ವಾರ್ಟರ್ಸಿನ ಹತ್ತಿರದ ಒಂದು ಹೈಸ್ಕೂಲಿನಿಂದ ವಿಶಾಲಾಕ್ಷಿ ಟೀಚರ್ ನನ್ನ ಅಂಗಡಿ ಹುಡುಕಿಕೊಂಡು ಬಂದರು. ಆಗಿನ್ನೂ ಚಿಕ್ಕ ವಯಸ್ಸು, ದಪ್ಪ ಕನ್ನಡಕ, ಮಾತಿನಲ್ಲಿ ಒಂದು ಅಕ್ಷರ ಹೆಚ್ಚಿಲ್ಲ. ಕ್ಲಾಸಿನ ಒಂದು ಗೋಡೆ ತುಂಬ ಬೀಜಗಣಿತ ಬರೆಸಬೇಕು, ಮಕ್ಕಳು ಕಿಟಕಿಯಾಚೆ ನೋಡುವಾಗಲೂ ಅದು ಕಣ್ಣಿಗೆ ಬೀಳಬೇಕು ಎಂಬುದು ಅವರ ಆಸೆ. ಶನಿವಾರ ಇನ್‌ಸ್ಪೆಕ್ಷನ್ ಇತ್ತು, ಹಾಗಾಗಿ ಹೆಡ್‌ಮಾಸ್ಟರೂ ಒಪ್ಪಿದ್ದರು. ಟೀಚರು ಪಟ್ಟಿ ಎಳೆದ ಹಾಳೆಯಲ್ಲಿ ಎಲ್ಲವನ್ನೂ ಬರೆದು ಕೊಟ್ಟರು.

"ಇದ್ದದ್ದು ಇದ್ದ ಹಾಗೆ ಬರೀಬೇಕು, ಹಾಲೇಶಪ್ಪನವರೇ."

"ಮೇಡಂ, ನಮ್ಮ ಬೋರ್ಡು ಓದಿ ಬಂದಿದ್ದೀರಲ್ಲ," ಎಂದೆ.

ಸೋಮವಾರ ಡಬ್ಬ, ಬ್ರಶ್ಶು, ಕೋಲು ಹೊತ್ತು ಭದ್ರಾವತಿ ಬಸ್ಸು ಹತ್ತಿದೆ. ಟರ್ಪೆಂಟೈನ್ ವಾಸನೆಗೆ ಕಂಡಕ್ಟರು, "ಪೇಂಟ್ರೇ, ನಿಮ್ಮ ಪಕ್ಕ ಯಾರೂ ಬೀಡಿ ಹಚ್ಚದ ಹಾಗೆ ನೋಡ್ಕೊಳ್ಳಿ. ಬಸ್ಸು ಭದ್ರಾವತಿ ಬಿಟ್ಟು ಸೀದಾ ಕೈಲಾಸಕ್ಕೆ ಹೋದೀತು," ಎಂದು ಕೊನೆಯ ಸೀಟಿಗೆ ಕಳಿಸಿದ.

ಗೋಡೆಗೆ ಬಿಳಿ ಹೊಡೆದು, ನೀಲಿ ಪುಡಿ ಹಚ್ಚಿದ ದಾರ ಎಳೆದು ಬಿಟ್ಟು ಗೆರೆ ಮೂಡಿಸಿ, ಪದ್ಧತಿಯಂತೆ ಮೇಲೆ ಚಿಕ್ಕದಾಗಿ 'ಶ್ರೀ' ಬರೆದೆ. ಶ್ರೀ ಇಲ್ಲದೆ ನಾನು ಸಾರಾಯಿ ಅಂಗಡಿ ಬೋರ್ಡನ್ನೂ ಬರೆದವನಲ್ಲ. ಮೂರು ದಿನ ಒಂದೇ ಸಮನೆ ಕೆಲಸ. ಮಕ್ಕಳಿಗೆ ಹೊರಗೆ ಮರದಡಿ ಪಾಠ, ನನಗೆ ಒಳಗೆ. ದೊಡ್ಡ ಅಕ್ಷರಗಳ ತಲೆ ಮೇಲೆ ಕೂರುವ ಆ ಸಣ್ಣ ಎರಡುಗಳನ್ನು ಬರೆಯಲು ಎರಡನೇ ನಂಬರ್ ಬ್ರಶ್ಶು ತೆಗೆದಾಗೆಲ್ಲ ಮದುಮಗನಿಗೆ ಬಾಸಿಂಗ ಕಟ್ಟುವವನ ಗತ್ತು ನನಗೆ. ಕೆಲಸ ಚೆನ್ನಾಗಿ ಬಂದಿದೆ, ಕಣ್ಣು ಬಿದ್ದೀತು ಎಂದು ಒಂದು ಕಡೆ 5ಕ್ಕೂ xಗೂ ನಡುವೆ ದೃಷ್ಟಿ ಬೊಟ್ಟು ಸಹ ಇಟ್ಟೆ.

ಗುರುವಾರ ಮಧ್ಯಾಹ್ನ ಉಳಿದದ್ದು ಕೊನೆಯ ಸಾಲು. ಟೀಚರು ಅಂದು ಯಾವುದೋ ಮೀಟಿಂಗಿಗೆ ಶಿವಮೊಗ್ಗಕ್ಕೆ ಹೋಗಿದ್ದರು. ಹಾಳೆಯಲ್ಲಿ ಹೀಗಿತ್ತು:

ಸುಲಭೀಕರಿಸಿ: 3x² + 2x + 4x²
= 7x² + 2x

ಮೊದಲ ಸಾಲು ಕಿಟಕಿಯ ಮೇಲೆ ಹಾಯಾಗಿ ಹಿಡಿಸಿತು. ಉತ್ತರಕ್ಕೆ ಉಳಿದದ್ದು ಕಿಟಕಿಗೂ ಬಾಗಿಲಿಗೂ ನಡುವಿನ ಎರಡಡಿ ಗೋಡೆ. ನನ್ನ ಅಳತೆಯ ಅಕ್ಷರದಲ್ಲಿ ಬರೆದರೆ ಕೊನೆಯ 2x ಬಾಗಿಲ ಚೌಕಟ್ಟಿನ ಮೇಲೆ ಹೋಗಿ ಕೂರುತ್ತದೆ. ಅಕ್ಷರ ಸಣ್ಣ ಮಾಡುವುದೋ? ಆನೆಯಿಂದ ಇರುವೆಗೆ ಇಳಿಯುವ ಜಾತಿ ನನ್ನದಲ್ಲ. ಏಣಿಯಿಂದ ಇಳಿದು ದೂರ ನಿಂತು ನೋಡಿದೆ. ಆಗ ಹೊಳೆಯಿತು: ಟೀಚರು ಕೆಲಸವನ್ನು ಅರ್ಧಕ್ಕೇ ಬಿಟ್ಟಿದ್ದಾರೆ! ಸುಲಭೀಕರಿಸಿ ಎಂದು ಹೇಳಿ, ಇನ್ನೂ ಎರಡು ತುಂಡು ಹಾಗೇ ಇಟ್ಟಿದ್ದಾರೆ. ಏಳು, ಎರಡು, ಒಂಬತ್ತು. ತಲೆ ಮೇಲೆ ಒಂದು ಕಡೆ ಎರಡು, ಇನ್ನೊಂದು ಕಡೆ ಬರೆಯದ ಒಂದು. ಘಾತಗಳನ್ನು ಕೂಡಿಸಬೇಕು. ಮೂರು.

= 9x³

ಎಷ್ಟು ಚೆನ್ನಾಗಿ ಕೂತಿತು ಎನ್ನುತ್ತೀರಿ! ಎರಡೂ ಕಡೆ ಸಮ ಜಾಗ, ಒಂಬತ್ತರ ಹೊಟ್ಟೆ ದುಂಡಗೆ. ನನ್ನನ್ನು ಹೊಡೆದ ಮೇಷ್ಟ್ರು ಕಣ್ಣಿಗೆ ಬಂದರು. 'ನೋಡಿ ಸಾರ್, ಎರಡನ್ನೂ ಮರೆತಿಲ್ಲ' ಎಂದು ಮನಸ್ಸಿನಲ್ಲೇ ಹೇಳಿ, ಕೆಳಗೆ 'ಹಾಲೇಶ್ ಆರ್ಟ್ಸ್, ಶಿವಮೊಗ್ಗ' ಎಂದು ಸಹಿ ಹಾಕಿ ಬಸ್ಸು ಹತ್ತಿದೆ.

ಶುಕ್ರವಾರ ಬೆಳಿಗ್ಗೆ ಏಣಿ, ಡಬ್ಬ ಒಪ್ಪ ಮಾಡಲು ಹೋದರೆ ಟೀಚರು ಗೋಡೆ ಮುಂದೆ ನಿಂತಿದ್ದಾರೆ. ಹಿಂದೆ ಇಡೀ ಕ್ಲಾಸು.

"ಹಾಲೇಶಪ್ಪನವರೇ, ಇದೇನಿದು?"

"ಉತ್ತರ ಮೇಡಂ."

"ಯಾರ ಉತ್ತರ?"

"ನಿಮ್ಮದೇ. ಸ್ವಲ್ಪ ಉದ್ದ ಇತ್ತು. ಸುಲಭ ಮಾಡಿದೆ."

"ನಾನು ಮಾಡಿದ್ದೇ ಸುಲಭ. ಅದು ಇನ್ನು ಮುಂದಕ್ಕೆ ಹೋಗಲ್ಲ."

"ಹೋಗಲ್ಲ ಅಂತ ಬಿಟ್ರೆ ಹೆಂಗೆ ಮೇಡಂ? ಮೇಲೆ ಆರಿಂಚು ಅಕ್ಷರದಲ್ಲಿ ಸುಲಭೀಕರಿಸಿ ಅಂತ ಬರೆದಿದ್ದೀನಿ. ಕೆಳಗೆ ಎರಡು ತುಂಡು ಬಿದ್ದಿದ್ರೆ ಪೇಂಟರು ಅರ್ಧ ಕೆಲಸಕ್ಕೆ ಓಡಿಹೋದ ಅಂತಾರೆ."

ಟೀಚರು ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿದರು. "ಅಳಿಸಿ ಸರಿಯಾಗಿ ಬರೀರಿ. ನಾಳೆ ಇನ್‌ಸ್ಪೆಕ್ಷನ್."

ಅಳಿಸಿ! ನನ್ನ ಕಣ್ಣ ಮುಂದೆ ಮಂಜ ಏಣಿ ಹೊತ್ತುಕೊಂಡು ಬಂದ. "ಮೇಡಂ, ತಪ್ಪು ಅಂತ ತೋರಿಸಿ. ತೋರಿಸೋ ತನಕ ನಾನು ಬಿಳಿ ಡಬ್ಬದ ಮುಚ್ಚಳ ತೆಗೆಯಲ್ಲ."

"ಸರಿ. xಗೆ ಯಾವುದಾದರೂ ಒಂದು ಸಂಖ್ಯೆ ಹಾಕಿ ನೋಡೋಣ. ನಿಮಗೆ ಬೇಕಾದ್ದು ಹೇಳಿ."

"ಒಂದು ಹಾಕಿ."

ಟೀಚರು ಸೀಮೆಸುಣ್ಣ ಹಿಡಿದು ಕರಿಹಲಗೆಗೆ ಹೋದರು. ಏಳು, ಎರಡು ಸೇರಿ ಒಂಬತ್ತು. ನನ್ನ 9x³ ಕೂಡ ಒಂಬತ್ತು. ಕ್ಲಾಸಿನಲ್ಲಿ ಯಾರೋ ಚಪ್ಪಾಳೆ ತಟ್ಟಿದರು. ನಾನು ಕೋಲನ್ನು ಹೆಗಲ ಮೇಲೆ ಇಟ್ಟುಕೊಂಡೆ.

"ಒಂದು ಹಾಕಿದ್ರೆ ಹಾಗೇ ಆಗೋದು. ಇನ್ನೊಂದು ಹೇಳಿ."

"ಲೆಕ್ಕದಲ್ಲಿ ನನಗೆ ಯಾವಾಗ್ಲೂ ಸಿಕ್ಕಿದ್ದು ಸೊನ್ನೆ ಮೇಡಂ. ಅದನ್ನೇ ಹಾಕಿ."

ಆ ಕಡೆ ಸೊನ್ನೆ, ಈ ಕಡೆ ಸೊನ್ನೆ. ಈಗ ಚಪ್ಪಾಳೆ ಜೋರಾಯಿತು. ನನ್ನ ಜೀವನದಲ್ಲಿ ಕರಿಹಲಗೆಯ ಮುಂದೆ ಅಷ್ಟು ಎದೆಯುಬ್ಬಿಸಿ ನಿಂತದ್ದು ಅದೇ ಮೊದಲು. ಕೊನೆಯದೂ ಎನ್ನಬಹುದು, ಯಾಕೆಂದರೆ ಮುಂದಿನ ಬೆಂಚಿನಿಂದ ಸೆಲ್ವಿ ಎಂಬ ಹುಡುಗಿ, ಕಾರ್ಖಾನೆಯ ಫಿಟ್ಟರೊಬ್ಬರ ಮಗಳು, ಎದ್ದು ನಿಂತು "ಮಿಸ್, ಎರಡು ಹಾಕಿ ಮಿಸ್!" ಎಂದು ಕೂಗಿದಳು.

ಎರಡು ಹಾಕಿದರು. ಟೀಚರ ಉತ್ತರ ಮೂವತ್ತೆರಡು. ನನ್ನದು ಎಪ್ಪತ್ತೆರಡು.

"ಆದ್ರೂ ಮೂರರಲ್ಲಿ ಎರಡು ನನ್ನ ಕಡೆ ಇದೆ ಮೇಡಂ," ಎಂದೆ. "ಇಷ್ಟು ಬಂದ್ರೆ ಎಲೆಕ್ಷನ್‌ನಲ್ಲಿ ಮಂತ್ರಿ ಮಾಡ್ತಾರೆ."

"ಲೆಕ್ಕ ಓಟಿನ ಮೇಲೆ ನಡೆಯಲ್ಲ, ಹಾಲೇಶಪ್ಪನವರೇ. ಆ ಕೋಲು ಕೊಡಿ ಇಲ್ಲಿ."

ಕೊಟ್ಟೆ. ಹೊಡೆಯುತ್ತಾರೇನೋ ಎಂದು ಬೆನ್ನು ಒಮ್ಮೆ ನಡುಗಿತು. ಎಂಟನೇ ಕ್ಲಾಸಿನ ಬೆನ್ನು ಅದು, ಮರೆಯುವುದಿಲ್ಲ. ಟೀಚರು ಹೊಡೆಯಲಿಲ್ಲ.

"ಇದು ಎಷ್ಟು ಉದ್ದ ಅಂತ ನನಗೆ ಗೊತ್ತಿಲ್ಲ ಅಂದ್ಕೊಳ್ಳಿ. ಇದೇ x. ಗೋಡೆ ಮೇಲೆ ಒಂದು ಕೋಲು ಅಗಲ, ಒಂದು ಕೋಲು ಎತ್ತರ ಬಣ್ಣ ತುಂಬಿದ್ರೆ ಅದು x ವರ್ಗ. ಅಂಥವು ಏಳು. ಇನ್ನು ಬರೀ x ಅಂದ್ರೆ ಒಂದು ಕೋಲು ಉದ್ದದ ಬಾರ್ಡರ್ ಗೆರೆ. ಅಂಥವು ಎರಡು. ಈಗ ನೀವೇ ಹೇಳಿ, ಏಳು ಗೋಡೆ, ಎರಡು ಗೆರೆ ಕೂಡಿಸಿದ್ರೆ ಒಂಬತ್ತು ಏನು?"

ಈ ಪ್ರಶ್ನೆ ನನಗೆ ಹೊಸದಾಗಿರಲಿಲ್ಲ. ಅದಕ್ಕೆ ಕಾರಣ ಅವರಿಗೆ ಗೊತ್ತಿರಲಿಲ್ಲ, ನಿಮಗೆ ಹೇಳುತ್ತೇನೆ. ಆ ವರ್ಷವೇ ಗಾಂಧಿ ಬಜಾರಿನ ಒಬ್ಬ ಜವಳಿ ಸಾಹುಕಾರ ಅಂಗಡಿ ಗೋಡೆ ಬರೆಸುವಾಗ, "ಗೋಡೆ ಎಂಟು ಕೋಲು, ಬಾರ್ಡರ್ ಎರಡು ಕೋಲು, ಒಟ್ಟು ಹತ್ತು ಕೋಲಿನ ಬಣ್ಣ ಕಲಸು," ಎಂದಿದ್ದ. ನಾನು ನಡುಬೀದಿಯಲ್ಲಿ ಅವನ ಮೇಲೆ ಹರಿಹಾಯ್ದಿದ್ದೆ: "ಗೋಡೆ ಬೇರೆ, ಗೆರೆ ಬೇರೆ ಸ್ವಾಮಿ! ಗೆರೆಗೆ ಒಂದು ಲೋಟ ಬಣ್ಣ ಸಾಕು, ಗೋಡೆಗೆ ಡಬ್ಬ ಬೇಕು. ಎರಡನ್ನೂ ಕೂಡಿಸೋಕೆ ನಿಮಗೆ ಯಾವ ಮೇಷ್ಟ್ರು ಹೇಳಿಕೊಟ್ಟ?" ಬಜಾರಿನವರೆಲ್ಲ ನಿಂತು ಕೇಳಿದ್ದರು. ಆ ಮಾತು ಈಗ ಭದ್ರಾವತಿಗೆ ಬಂದು ನನ್ನ ಕಿವಿಯನ್ನೇ ಹಿಂಡುತ್ತಿತ್ತು.

ಟೀಚರು ಬಿಡಲಿಲ್ಲ. "ಅಷ್ಟೇ ಆಗಿದ್ರೆ ಪರವಾಗಿಲ್ಲ. ನೀವು ಮೇಲೆ ಮೂರು ಹಾಕಿದ್ದೀರಿ. ಒಂದು ಕೋಲು ಉದ್ದ, ಒಂದು ಕೋಲು ಅಗಲ, ಒಂದು ಕೋಲು ಆಳ. ಏನದು?"

"ತೊಟ್ಟಿ ಮಿಸ್! ನೀರಿನ ತೊಟ್ಟಿ!" ಎಂದಳು ಸೆಲ್ವಿ.

"ಹೌದು. ಏಳು ಗೋಡೆ, ಎರಡು ಗೆರೆ ಕೊಟ್ಟಿದ್ದೆ, ಹಾಲೇಶಪ್ಪನವರೇ. ನೀವು ಒಂಬತ್ತು ತೊಟ್ಟಿ ಕಟ್ಟಿಸಿದ್ದೀರಿ."

ಕ್ಲಾಸು ನಗಲು ಶುರು ಮಾಡಿದ್ದು ನಿಲ್ಲಿಸಲೇ ಇಲ್ಲ. ನಾನೂ ನಗಬಹುದಿತ್ತು, ಆದರೆ ಅಭಿಮಾನ ಎಂಬುದೊಂದು ಇದೆಯಲ್ಲ, ಅದು ನಗಲು ಬಿಡುವುದಿಲ್ಲ. "ಆ ಚುಕ್ಕಿ?" ಎಂದೆ, ಮಾತು ತಿರುಗಿಸಲು. "5ರ ಪಕ್ಕ ದೃಷ್ಟಿ ಬೊಟ್ಟು ಇಟ್ಟಿದ್ದೀನಿ. ಅದೂ ತಪ್ಪಾ?"

"ಚುಕ್ಕಿ ಅಂದ್ರೆ ಗುಣಾಕಾರ. 5 ಗುಣಿಸು x ಅಂದ್ರೂ 5x ಅಂದ್ರೂ ಒಂದೇ. ಅದಿರಲಿ." ಟೀಚರ ತುಟಿಯಲ್ಲಿ ಮೊದಲ ಬಾರಿ ನಗೆ ಕಂಡಿತು. "ನೀವಾಗೇ ಸೇರಿಸಿದ್ದರಲ್ಲಿ ಸರಿ ಇರೋದು ಅದೊಂದೇ."

ಮಕ್ಕಳನ್ನು ಮರದಡಿಗೆ ಕಳಿಸಿ, ದನಿ ತಗ್ಗಿಸಿ ಹೇಳಿದರು: "ಎರಡಡಿ ಜಾಗ. ಬಿಳಿ ಹೊಡೆದು, ಅಕ್ಷರ ಸಣ್ಣ ಮಾಡಿ ಬರೆದುಬಿಡಿ. ಶಿವಮೊಗ್ಗದಲ್ಲಿ ಯಾರಿಗೂ ಗೊತ್ತಾಗಲ್ಲ."

ಗೊತ್ತಾಗುವುದಿಲ್ಲ, ನಿಜ. ಮುಚ್ಚಳ ತೆಗೆದೆ, ಬ್ರಶ್ಶು ಅದ್ದಿದೆ, ಏಣಿ ಹತ್ತಿದೆ. ಬಿಳಿ ಹನಿ ಕೈ ಮೇಲೆ ಇಳಿಯುವ ತನಕ ನಿಂತೆ. ಮಂಜನಿಗೆ ಗೊತ್ತಾಗದಿರಬಹುದು. ಆದರೆ ದಿನಾ ಬೆಳಿಗ್ಗೆ ಅಂಗಡಿ ಬಾಗಿಲು ತೆಗೆಯುವಾಗ ಆ ಹಳದಿ ಸಾಲನ್ನು ಮೊದಲು ಓದುವವನು ನಾನು. ಒಂದು ಅಕ್ಷರ ಅಳಿಸಿದೆನೋ, ಏಣಿ ತರಲು ಮಂಜ ಬೇಕಾಗಿಲ್ಲ.

ಬ್ರಶ್ಶು ಇಳಿಸಿದೆ. "ಅಳಿಸಲ್ಲ ಮೇಡಂ."

"ತಪ್ಪು ಅಂತ ಒಪ್ಕೊಂಡ್ರಲ್ಲ?"

"ಒಪ್ಕೊಂಡೆ. ಅಳಿಸಲ್ಲ."

ಬೇರೆ ಯಾರಾದರೂ ಆಗಿದ್ದರೆ ಹೆಡ್‌ಮಾಸ್ಟರನ್ನು ಕರೆಯುತ್ತಿದ್ದರು. ವಿಶಾಲಾಕ್ಷಿ ಟೀಚರು ಗೋಡೆಯನ್ನೇ ನೋಡುತ್ತ ನಿಂತು, "ಹಾಗಾದ್ರೆ ಅಲ್ಲೇ ಇರಲಿ," ಎಂದರು. "ಆದ್ರೆ ಅದರ ಮೇಲೆ ಇನ್ನೊಂದು ಸಾಲು ಬರೀಬೇಕು. 'ಇಲ್ಲಿ ತಪ್ಪೇನು?' ಅಂತ. ಪ್ರತಿ ವರ್ಷ ಎಂಟನೇ ಕ್ಲಾಸಿಗೆ ಅದೇ ಮೊದಲನೇ ಪಾಠ."

"ಕೆಳಗೆ ನನ್ನ ಹೆಸರಿದೆಯಲ್ಲ ಮೇಡಂ?"

"ಹೆಸರು ನಿಮ್ಮಿಷ್ಟ. ಬೇಕಾದ್ರೆ ಅದನ್ನ ಅಳಿಸಿ."

ಟೀಚರು ಮರದಡಿಗೆ ಹೋದರು. ಏಣಿಯ ಕೆಳಗಿನ ಮೆಟ್ಟಿಲ ಮೇಲೆ ಕೂತು ಬುತ್ತಿ ಬಿಚ್ಚಿದೆ. ಜಯಮ್ಮನ ರೊಟ್ಟಿ ಮುರಿಯುತ್ತ ಲೆಕ್ಕ ಹಾಕಿದೆ. ತಪ್ಪನ್ನು ಅಳಿಸಿದರೆ ಮಾತು ಹೋಯಿತು. ಉಳಿಸಿದರೆ ಮರ್ಯಾದೆ ಹೋಯಿತು. ತಪ್ಪನ್ನು ಉಳಿಸಿ ಹೆಸರೊಂದನ್ನು ಅಳಿಸೋಣವೆಂದರೆ, ಹೆಸರೂ ನಾನೇ ಬರೆದ ಅಕ್ಷರವಲ್ಲವೇ! ಯಾವ ಕಡೆಯಿಂದ ಬಿಡಿಸಿದರೂ ಉತ್ತರ ಒಂದೇ. ರೊಟ್ಟಿ ಮುಗಿಸಿ, ಕೈ ತೊಳೆದು, ಕೆಂಪು ಡಬ್ಬ ತೆಗೆದೆ. 'ಇಲ್ಲಿ ತಪ್ಪೇನು?' ಎಂದು ಬರೆದೆ, ಅಂಚಿಗೆ ಕಪ್ಪು ನೆರಳು ಕೊಟ್ಟು, ಪ್ರಶ್ನೆಯ ಕೊಕ್ಕೆಯನ್ನು ಕಿಟಕಿ ಮೇಲಿನವರೆಗೂ ಬಾಗಿಸಿ. ಯಾವ ಜವಳಿ ಅಂಗಡಿಗೂ ಅಷ್ಟು ಮುತುವರ್ಜಿಯಿಂದ ಬರೆದಿರಲಿಲ್ಲ. ಪಕ್ಕದಲ್ಲೇ ಸರಿ ಉತ್ತರವನ್ನೂ ಬರೆಯಬೇಕಿತ್ತು ಎನ್ನುತ್ತೀರೇನೋ. ಜಾಗ ಇರಲಿಲ್ಲ. ಅದಕ್ಕೇ ತಾನೆ ಇಷ್ಟೆಲ್ಲ ಆದದ್ದು?

ಶನಿವಾರ ನನಗೆ ಅಲ್ಲಿ ಕೆಲಸವಿರಲಿಲ್ಲ, ಆದರೂ ಹೋದೆ. ಇನ್‌ಸ್ಪೆಕ್ಷನ್ನಿನ ಸಾಹೇಬರು ಬಂದರು, ಕೈ ಹಿಂದೆ ಕಟ್ಟಿ ಗೋಡೆ ಉದ್ದಕ್ಕೂ ನಡೆದರು, ಕೊನೆಗೆ ಕೆಂಪು ಪ್ರಶ್ನೆಯ ಮುಂದೆ ನಿಂತರು. ನಾನು ಬಾಗಿಲ ಹೊರಗಿನಿಂದ ಇಣುಕುತ್ತಿದ್ದೆ. ಸಾಹೇಬರು ನೋಡಿದರು, ತಲೆ ವಾರೆ ಮಾಡಿ ನೋಡಿದರು, ಬೆರಳು ಮಡಿಸಿ ಏನೋ ಎಣಿಸಿದರು. ಸೆಲ್ವಿ ಎದ್ದು, "ಗೊತ್ತಾಯ್ತಾ ಸಾರ್?" ಎಂದಳು. ಹೆಡ್‌ಮಾಸ್ಟರು ಕೆಮ್ಮಿದರು.

"ಅಕ್ಷರ ಬಹಳ ಚೆನ್ನಾಗಿದೆ," ಎಂದರು ಸಾಹೇಬರು, ಮತ್ತು ಟೀ ಕುಡಿಯಲು ಹೋದರು.

ನನ್ನ ಲೆಕ್ಕದ ಮೇಷ್ಟ್ರಾದರೋ ಎರಡು ಮಾತು ಬರೆದಿದ್ದರು. ಈ ಸಾಹೇಬರು ನಮ್ಮಪ್ಪನಿಗೆ ನಾನು ಓದಿ ಹೇಳಿದಷ್ಟನ್ನೇ ಹೇಳಿ ಹೋದರು.

ಅಂದು ಮನೆಯಲ್ಲಿ ಜಯಮ್ಮ ಕೇಳಿದಳು. "ಅಳಿಸಿದ್ರಾ?"

"ಇಲ್ಲ."

"ಹಂಗಾದ್ರೆ ಸರಿಯಾಗೇ ಇತ್ತಾ?"

"ಅದೂ ಇಲ್ಲ."

"ಒಂಬತ್ತು ತೊಟ್ಟಿ ಕಟ್ಟಿಸಿದ ಗಂಡ. ನಮ್ಮ ಮನೆ ಹಿತ್ತಲಿಗೆ ಒಂದು ಕಟ್ಟಿಸ್ರೀ ಅಂತ ಆರು ವರ್ಷದಿಂದ ಬಡ್ಕೊಂತಿದ್ದೀನಿ," ಎಂದು ಒಳಗೆ ಹೋದಳು.

ಆಮೇಲೆ ಭದ್ರಾವತಿಯಲ್ಲಿ ನನ್ನ ಕೀರ್ತಿ ಹಬ್ಬಿತು. ಬಸ್ ಸ್ಟ್ಯಾಂಡಿನಲ್ಲಿ ಇಳಿದರೆ ಯಾವುದೋ ಗುಂಪಿನಿಂದ "ತೊಟ್ಟಿ ಅಂಕಲ್!" ಎಂಬ ಕೂಗು. ಮಂಜ ಸುದ್ದಿ ಕೇಳಿ ಖುದ್ದಾಗಿ ಹೋಗಿ ಗೋಡೆ ನೋಡಿಕೊಂಡು ಬಂದ. ಅಂಗಡಿ ಮುಂದೆ ಸೈಕಲ್ ನಿಲ್ಲಿಸಿ ಹಳದಿ ಸಾಲನ್ನು ಇನ್ನೊಮ್ಮೆ ಓದಿದ. "ಅಳಿಸಲಿಲ್ಲ ಬಿಡು," ಎಂದ. "ನಾನಾಗಿದ್ರೆ ರಾತ್ರೋರಾತ್ರಿ ಗೋಡೇನೇ ಒಡೆದು ಹಾಕ್ತಿದ್ದೆ." ಅವನ ಬಾಯಿಂದ ನನಗೆ ಸಿಕ್ಕ ಸರ್ಟಿಫಿಕೇಟು ಅದೊಂದೇ.

ಫ್ಲೆಕ್ಸು ಬಂದದ್ದು ಆಮೇಲೆ. ಬೆಳಿಗ್ಗೆ ಹೇಳಿದರೆ ಸಂಜೆಗೆ ಬೋರ್ಡು, ಅದರಲ್ಲಿ ಗಿರಾಕಿಯ ಮುಖವೂ ಉಚಿತ. ಮಂಜ ಫ್ಲೆಕ್ಸಿನ ಅಂಗಡಿಯಲ್ಲೇ ಕೆಲಸಕ್ಕೆ ಸೇರಿದ. ನಾನು ಮನೆಗಳಿಗೆ ಬಣ್ಣ ಹೊಡೆಯುವುದಕ್ಕೆ ಇಳಿದೆ. ಗೋಡೆ, ಗೆರೆ ಎರಡೂ ಮಾಡುತ್ತೇನೆ, ಬೇರೆ ಬೇರೆ ಎಣಿಸುತ್ತೇನೆ. ಕೋಲು ಮೂಲೆಗೆ ಹೋಯಿತು.

ಜಯಮ್ಮ ಅದನ್ನು ಹೊರಗೆ ತೆಗೆದ ದಿನವೇ ಫೋನು ಬಂತು ಎಂದರೆ ನೀವು ನಂಬುವುದಿಲ್ಲ. ಮಾರನೇ ದಿನ ಬಂತು.

"ಹಾಲೇಶಪ್ಪನವರಾ? ನಾನು ವಿಶಾಲಾಕ್ಷಿ, ಭದ್ರಾವತಿಯಿಂದ. ನಮ್ಮ ಎರಡುಗಳೆಲ್ಲ ಕೆಳಗೆ ಬಿದ್ದಿವೆ. ಬರಬೇಕಲ್ಲ."

ಕೋಲಿಗಂಟಿದ ಬಲೆ ಒರೆಸಿ, ಎರಡನೇ ನಂಬರ್ ಬ್ರಶ್ಶನ್ನು ಟರ್ಪೆಂಟೈನಿನಲ್ಲಿ ನೆನೆಸಿ ಮೆದು ಮಾಡಿ, ನಿನ್ನೆ ಹೋದೆ. ಟೀಚರ ತಲೆಯಲ್ಲಿ ಬಿಳಿ ಎಳೆ ಬಂದಿದೆ, ಕನ್ನಡಕ ಇನ್ನೂ ದಪ್ಪ. ಹಳೆ ಗೋಡೆ ಮಾಸಿತ್ತೆಂದು ಹಳೆ ವಿದ್ಯಾರ್ಥಿಗಳು ಸೇರಿ ಕಿಟಕಿಯಷ್ಟು ಬಿಟ್ಟು ಇಡೀ ಗೋಡೆಗೆ ಒಂದು ಫ್ಲೆಕ್ಸು ಮಾಡಿಸಿ ಕೊಟ್ಟಿದ್ದಾರೆ. ಬಣ್ಣ ಬಣ್ಣದ್ದು, ಮೂಲೆಯಲ್ಲಿ ಒಂದು ಗುಲಾಬಿ ಹೂ ಯಾಕೋ. ಆದರೆ ಯಾರನ್ನೂ ತಲೆ ಮೇಲೆ ಕೂರಿಸುವ ಅಭ್ಯಾಸ ಕಂಪ್ಯೂಟರಿಗೆ ಇಲ್ಲವೋ ಏನೋ, ಘಾತಗಳೆಲ್ಲ ಜಾರಿ ಅಕ್ಷರದ ಪಕ್ಕಕ್ಕೆ ಬಂದು ಅದೇ ಗಾತ್ರದಲ್ಲಿ ಕೂತಿದ್ದವು. 7x2 + 2x.

"ಇದನ್ನು ನೋಡಿ ಮಕ್ಕಳು ಏಳೆರಡ್ಲಿ ಹದಿನಾಲ್ಕು ಅಂತ ಶುರು ಮಾಡಿದ್ದಾರೆ," ಎಂದರು ಟೀಚರು.

ಏಣಿ ಹತ್ತಿದೆ. ಬಿದ್ದ ಎರಡುಗಳ ಮೇಲೆ ಬಿಳಿ ಹಚ್ಚಿದೆ, ಒಂದೊಂದಾಗಿ. ಅಳಿಸುವುದಿಲ್ಲ ಎಂದದ್ದು ನಾನು ಬರೆದದ್ದನ್ನು. ಕಂಪ್ಯೂಟರಿನ ಪರವಾಗಿ ಮಾತು ಕೊಟ್ಟವನಲ್ಲ. ಅಳಿಸುವುದರಲ್ಲಿ ಇಷ್ಟು ಸುಖವಿದೆ ಎಂದು ಗೊತ್ತಿದ್ದರೆ ಆ ಸಾಲನ್ನೇ ಬರೆಯುತ್ತಿರಲಿಲ್ಲವೇನೋ. ಬಿಳಿ ಒಣಗಿದ ಮೇಲೆ ಕೋಲಿಗೆ ಕೈ ಊರಿ ಸಣ್ಣ ಎರಡುಗಳನ್ನು ಅವುಗಳ ಜಾಗಕ್ಕೆ, ಮೇಲಕ್ಕೆ, ಹತ್ತಿಸುತ್ತಾ ಹೋದೆ.

ಬಾಗಿಲ ಹತ್ತಿರ ಬಂದಾಗ ಕೆಳಗೆ ನಿಂತಿದ್ದ ಹುಡುಗಿಯೊಬ್ಬಳು, "ಅಂಕಲ್, ಈ ಕೊನೆ xಗೆ ಏನೂ ಹಾಕ್ಲಿಲ್ಲ," ಎಂದಳು.

"ಅಲ್ಲಿ ಒಂದಿದೆ ಮಗಳೇ. ಬರೆಯಲ್ಲ ಅಷ್ಟೆ."

ಟೀಚರು ಕನ್ನಡಕದ ಮೇಲಿಂದ ನನ್ನನ್ನು ನೋಡಿದರು. ನಾನು ಯಾರೂ ಕೇಳದಿದ್ದರೂ, "ಅದನ್ನ ಏಳರ ಜೊತೆ ಕೂಡಿಸಬಾರದು. ಅದು ಗೋಡೆ, ಇದು ಗೆರೆ," ಎಂದು ಸೇರಿಸಿದೆ.

ಇಳಿಯುವ ಮುಂಚೆ ಫ್ಲೆಕ್ಸಿನ ಅಂಚನ್ನು ಮೆಲ್ಲಗೆ ಎತ್ತಿ ಇಣುಕಿದೆ. ಕಿಟಕಿಗೂ ಬಾಗಿಲಿಗೂ ನಡುವೆ, ಬಿಸಿಲು ತಾಕದೆ, ಕೆಂಪು ಪ್ರಶ್ನೆ ಹಾಗೇ ಇತ್ತು. ಒಂಬತ್ತರ ಹೊಟ್ಟೆ ದುಂಡಗೆ, ತಲೆ ಮೇಲೆ ಮೂರು, ಕೆಳಗೆ ನಾನು. ಏನು ತಪ್ಪಿದ್ದರೂ ಅಕ್ಷರ ಮುತ್ತು ಸ್ವಾಮಿ.

ಬ್ರಶ್ಶು ಒರೆಸಿ ಚೀಲಕ್ಕೆ ಹಾಕುತ್ತಿದ್ದಾಗ ಟೀಚರು ಕೇಳಿದರು: "ಹೆಸರು ಹಾಕಲ್ವಾ ಹಾಲೇಶಪ್ಪನವರೇ? ಈ ಸಲ ಎಲ್ಲ ಸರಿಯಾಗಿದೆ."

"ಹೆಸರು ಇದೆ ಮೇಡಂ," ಎಂದೆ. "ಇದರ ಹಿಂದಿನ ಗೋಡೆ ಮೇಲೆ. ಈ ಫ್ಲೆಕ್ಸು ಹರಿಯೋ ತನಕ ಕಾಯ್ರಿ."